ಬಲ್ಮಠದ ಕೋಣೆಯಲ್ಲಿ ತೊಳೆದು ಬಂದ ಲಾಲೊ ಶಿಫ್ರಿನ್

ಮಂಗಳೂರಿನ ಬಲ್ಮಠದ ಮುಖ್ಯರಸ್ತೆಯಿಂದ ಒಳಗಿಳಿಯುವ ಒಂದು ಓಣಿಯಲ್ಲಿ, ಹೆಂಚಿನ ಮನೆಯ ಜಗಲಿಗೆ ತಾಗಿಕೊಂಡ ಸಣ್ಣ ಕೋಣೆಯೊಂದರಲ್ಲಿ, ಹಳೆಯ ಎಲ್‌ಪಿ ರೆಕಾರ್ಡುಗಳನ್ನು ತೊಳೆದು, ಒಣಗಿಸಿ, ಅವುಗಳ ಸಂಗೀತವನ್ನು ಪೆನ್‌ಡ್ರೈವಿಗೆ ಇಳಿಸಿಕೊಡುವ ಹಿರಿಯರೊಬ್ಬರಿದ್ದಾರೆ. ಬಾಗಿಲಿಗೆ ಫಲಕವಿಲ್ಲ, ಜಾಹೀರಾತೂ ಇಲ್ಲ. ಕೇಳಿ ತಿಳಿದವರು ಹುಡುಕಿಕೊಂಡು ಬರುತ್ತಾರೆ. ಹೆಸರು ಬರೆಯುವುದು ಬೇಡವೆಂದು ಅವರು ಕೇಳಿಕೊಂಡಿರುವುದರಿಂದ ಇಲ್ಲಿ ಅವರನ್ನು ಯಜಮಾನರು ಎಂದೇ ಕರೆಯುತ್ತೇನೆ. 2025ರ ಮಳೆಗಾಲದಲ್ಲಿ ನಾನು ಆರು ರೆಕಾರ್ಡುಗಳನ್ನು ಅವರ ಕೈಗೆ ಒಪ್ಪಿಸಿದ್ದೆ. ಆರೂ ಅರ್ಜೆಂಟೀನಾದಲ್ಲಿ ಹುಟ್ಟಿ, ಜಾಝ್ ಪಿಯಾನೊ ವಾದಕರಾಗಿ ಬೆಳೆದು, ಹಾಲಿವುಡ್ ಚಿತ್ರಗಳಿಗೆ ಸಂಗೀತ ಬರೆದ ಲಾಲೊ ಶಿಫ್ರಿನ್ ಅವರ ಕೆಲಸದವು. ಅವು ಮರಳಿ ಬಂದ ಮೇಲೆ ಹಲವು ತಿಂಗಳು ಕೇಳಿ, ಯಜಮಾನರ ಕೆಲಸ ಹೇಗಿದೆ ಎಂಬುದನ್ನು ಬರೆಯುತ್ತಿದ್ದೇನೆ. ರೆಕಾರ್ಡು ಚೊಕ್ಕಟವಾಗಿ ಕಾಣುತ್ತದೆಯೇ ಎಂಬುದಕ್ಕಿಂತ, ಸಂಗೀತಗಾರ ಇಟ್ಟದ್ದು ಇಟ್ಟಲ್ಲಿಯೇ ಉಳಿದಿದೆಯೇ ಎಂಬುದು ನನಗೆ ಮುಖ್ಯವಾದ್ದರಿಂದ, ಶಿಫ್ರಿನ್ ಏನು ಇಟ್ಟಿದ್ದರು ಎಂಬುದನ್ನು ಹೇಳದೆ ಈ ವಿಮರ್ಶೆಯನ್ನು ಬರೆಯಲು ಸಾಧ್ಯವಿಲ್ಲ.

ರೆಕಾರ್ಡುಗಳು ನನ್ನ ತಾಯಿಯ ಅಣ್ಣನವು. ನಾವು ಕೊಂಕಣಿಯಲ್ಲಿ ಮಾಮ್ ಎಂದು ಕರೆಯುತ್ತಿದ್ದ ಅವರು ಸರಕು ಸಾಗಿಸುವ ಹಡಗುಗಳ ಎಂಜಿನ್ ಕೋಣೆಯಲ್ಲಿ ಕೆಲಸಕ್ಕಿದ್ದರು. ರಜೆಗೆ ಬರುವಾಗ ಬೇರೆಯವರು ಸೀರೆ, ಸೆಂಟು, ಟೇಪ್‌ರೆಕಾರ್ಡರ್ ತಂದರೆ ಇವರು ಯಾವುದೋ ಬಂದರಿನಲ್ಲಿ ಕೊಂಡ ರೆಕಾರ್ಡುಗಳನ್ನು ಬಟ್ಟೆಗಳ ನಡುವೆ ಸುತ್ತಿ ತರುತ್ತಿದ್ದರು. ಅವರು ತೀರಿಕೊಂಡ ಮೇಲೆ ಆ ಪೆಟ್ಟಿಗೆ ಕುಲಶೇಖರದ ನಮ್ಮ ಮನೆಯ ಅಟ್ಟದಲ್ಲಿ ಉಳಿಯಿತು. ಶಿಫ್ರಿನ್ 2025ರ ಜೂನ್ 26ರಂದು, ತಮ್ಮ 93ನೆಯ ವಯಸ್ಸಿನಲ್ಲಿ ತೀರಿಕೊಂಡ ಸುದ್ದಿಯನ್ನು ಓದಿದಾಗ ಮಾಮ್‌ನ ನೆನಪಾಗಿ ಪೆಟ್ಟಿಗೆಯನ್ನು ಕೆಳಗಿಳಿಸಿದೆ. ಕರಾವಳಿಯ ತೇವ ಏನು ಮಾಡಬಲ್ಲುದೋ ಅದೆಲ್ಲವನ್ನೂ ಮಾಡಿತ್ತು. ರಟ್ಟಿನ ಹೊದಿಕೆಗಳು ಒಂದಕ್ಕೊಂದು ಅಂಟಿಕೊಂಡಿದ್ದವು, ರೆಕಾರ್ಡುಗಳ ಮೇಲೆ ಬೂಷ್ಟು ಬೂದಿಬಣ್ಣದ ಹೂವಿನಂತೆ ಹರಡಿತ್ತು. ಇದಕ್ಕೆ ಮೊದಲು ಬೇರೊಂದು ಅಂಗಡಿಯಲ್ಲಿ ವಿಚಾರಿಸಿದಾಗ, ಅಲ್ಲಿದ್ದವರು ಒದ್ದೆ ಬಟ್ಟೆಯಿಂದ ಒಂದು ರೆಕಾರ್ಡನ್ನು ಅಡ್ಡಡ್ಡವಾಗಿ ಒರೆಸಿ ತೋರಿಸಿದ್ದರು. ಗೆರೆಗಳಿಗೆ ಅಡ್ಡವಾಗಿ ಉಜ್ಜಿದರೆ ಕೊಳೆ ಗೆರೆಯೊಳಗೆ ಇನ್ನಷ್ಟು ಆಳಕ್ಕೆ ಕೂರುತ್ತದೆ ಎಂಬಷ್ಟು ನನಗೆ ಗೊತ್ತಿತ್ತು. ಪೆಟ್ಟಿಗೆ ಎತ್ತಿಕೊಂಡು ಹೊರಟುಬಂದೆ.

ಬಲ್ಮಠದ ಯಜಮಾನರು ಮೊದಲ ದಿನ ಯಾವ ರೆಕಾರ್ಡನ್ನೂ ಒರೆಸಲಿಲ್ಲ. ಕಿಟಕಿಯ ಬೆಳಕಿಗೆ ಒಂದೊಂದನ್ನೇ ಓರೆಯಾಗಿ ಹಿಡಿದು, ಗೀರುಗಳನ್ನೂ ಬೂಷ್ಟನ್ನೂ ಬೇರೆ ಬೇರೆಯಾಗಿ ಗುರುತಿಸಿ, ಒಂದು ಹಳೆಯ ಲೆಕ್ಕದ ಪುಸ್ತಕದಲ್ಲಿ ಬರೆದುಕೊಂಡರು. "ಬೂಷ್ಟು ತೊಳೆದ್ರೆ ಹೋಗ್ತದೆ, ಗೀರು ಹೋಗುದಿಲ್ಲ. ಅದನ್ನು ಈಗಲೇ ಹೇಳಿಬಿಡ್ತೇನೆ," ಎಂದರು. ಎರಡನೆಯ ಸಲ ಹೋದಾಗ ಕೆಲಸವನ್ನು ಕಣ್ಣಾರೆ ಕಂಡೆ. ಭಟ್ಟಿ ಇಳಿಸಿದ ನೀರಿಗೆ ಸ್ವಲ್ಪ ಐಸೊಪ್ರೊಪೈಲ್ ಆಲ್ಕೊಹಾಲ್ ಮತ್ತು ಒಂದೆರಡು ಹನಿ ಸೋಪಿನ ದ್ರವವನ್ನು ಬೆರೆಸಿ, ಮೃದು ಕೂದಲಿನ ಬ್ರಷ್ಷಿನಿಂದ ಗೆರೆಯ ಸುತ್ತಿನ ಉದ್ದಕ್ಕೂ ಹಚ್ಚಿ, ಸ್ವಲ್ಪ ಹೊತ್ತು ನೆನೆಯಲು ಬಿಟ್ಟು, ಬಳಿಕ ಗಾಳಿ ಹೀರುವ ಸಣ್ಣ ನಳಿಗೆಯಿಂದ ಆ ದ್ರವವನ್ನು ಕೊಳೆಯ ಸಮೇತ ಎಳೆದು ತೆಗೆಯುತ್ತಾರೆ. ಅದಾದ ಮೇಲೆ ಬರಿಯ ಭಟ್ಟಿ ನೀರಿನಲ್ಲಿ ಇನ್ನೊಂದು ಸುತ್ತು. ಮೇಜಿನ ಇನ್ನೊಂದು ಕಡೆ ಯಾರದೋ ಹಳೆಯ ಅರಗಿನ ರೆಕಾರ್ಡುಗಳಿದ್ದವು. ಆಲ್ಕೊಹಾಲ್ ತಾಗಿದರೆ ಅವು ಕರಗಿ ಹಾಳಾಗುತ್ತವೆಂದು ಅವಕ್ಕೆ ಪ್ರತ್ಯೇಕ ಬ್ರಷ್ಷು, ಪ್ರತ್ಯೇಕ ನೀರು. ಹೊರಗೆ ಮಳೆ ಸುರಿಯುತ್ತಿದ್ದ ಆ ದಿನ ತೊಳೆದ ರೆಕಾರ್ಡುಗಳು ಅಡುಗೆಮನೆಯ ತಟ್ಟೆ ಸ್ಟ್ಯಾಂಡಿನಂಥ ಮರದ ಚೌಕಟ್ಟಿನಲ್ಲಿ ಸಾಲಾಗಿ ನಿಂತು ಒಣಗುತ್ತಿದ್ದವು, ಮೂಲೆಯಲ್ಲಿ ತೇವ ಹೀರುವ ಯಂತ್ರವೊಂದು ಓಡುತ್ತಿತ್ತು. ಹಳೆಯ ಹೊದಿಕೆಯೊಳಗೆ ರೆಕಾರ್ಡನ್ನು ಮತ್ತೆ ತೂರಿಸಿದರೆ ಬೂಷ್ಟು ಮರಳಿ ಬರುತ್ತದೆಂದು ಒಳಗಿನ ಕಾಗದದ ಚೀಲಗಳನ್ನೆಲ್ಲ ಅವರು ಹೊಸದಾಗಿ ಹಾಕಿಕೊಟ್ಟರು. ಈ ಹಂತದ ಬಗ್ಗೆ ನನ್ನದು ಯಾವ ತಕರಾರೂ ಇಲ್ಲ.

ಮೊದಲು ಕೇಳಿದ್ದು 1960ರ ನವೆಂಬರಿನಲ್ಲಿ ನ್ಯೂಯಾರ್ಕಿನಲ್ಲಿ ಧ್ವನಿಮುದ್ರಣಗೊಂಡ 'ಗಿಲೆಸ್ಪಿಯಾನಾ'. ಹೊದಿಕೆಯ ಮೇಲೆ ದೊಡ್ಡದಾಗಿರುವುದು ಟ್ರಂಪೆಟ್ ವಾದಕ ಡಿಜ್ಜಿ ಗಿಲೆಸ್ಪಿ ಅವರ ಹೆಸರು. ಐದು ಭಾಗಗಳ ಆ ಇಡೀ ಕೃತಿಯನ್ನು ಬರೆದು, ಅದರಲ್ಲಿ ಪಿಯಾನೊವನ್ನೂ ನುಡಿಸಿದ ಶಿಫ್ರಿನ್ ಆಗ 28 ವರ್ಷದ ಯುವಕ. ಅವರು ಹುಟ್ಟಿದ್ದು 1932ರ ಜೂನ್ 21ರಂದು, ಬ್ಯೂನಸ್ ಐರಿಸ್‌ನಲ್ಲಿ. ತಂದೆ ಅಲ್ಲಿನ ಪ್ರಸಿದ್ಧ ಒಪೆರಾ ಮಂದಿರವಾದ ಟಿಯಾಟ್ರೊ ಕೊಲೊನ್‌ನ ವಾದ್ಯಮೇಳದಲ್ಲಿ ಪಿಟೀಲು ನುಡಿಸುತ್ತಿದ್ದರು. ಆರನೆಯ ವಯಸ್ಸಿನಲ್ಲಿ ಪಿಯಾನೊ ಪಾಠ ಆರಂಭವಾದದ್ದು ಎನ್ರಿಕೆ ಬ್ಯಾರೆನ್‌ಬಾಯಿಮ್ ಅವರ ಬಳಿ. ಮುಂದೆ ಪಿಯಾನೊ ವಾದಕರಾಗಿ, ವಾದ್ಯಮೇಳದ ನಿರ್ದೇಶಕರಾಗಿ ಲೋಕಪ್ರಸಿದ್ಧರಾದ ಡೇನಿಯಲ್ ಬ್ಯಾರೆನ್‌ಬಾಯಿಮ್ ಅವರ ತಂದೆ ಇವರು. ಶಾಸ್ತ್ರೀಯ ಸಂಗೀತದ ಮನೆಯಲ್ಲಿ ಬೆಳೆದ ಹುಡುಗನಿಗೆ ಜಾಝಿನ ಹುಚ್ಚು ಹಿಡಿಯಿತು. ವಿದ್ಯಾರ್ಥಿವೇತನ ಪಡೆದು ಪ್ಯಾರಿಸ್ಸಿಗೆ ಹೋಗಿ, ಹಗಲು ಅಲ್ಲಿನ ಸಂಗೀತ ವಿದ್ಯಾಲಯದಲ್ಲಿ ಫ್ರೆಂಚ್ ಸಂಗೀತ ರಚನೆಕಾರ ಒಲಿವಿಯೆ ಮೆಸಿಯಾನ್ ಅವರ ತರಗತಿಯಲ್ಲಿ ಕೂತು, ರಾತ್ರಿ ಕ್ಲಬ್ಬುಗಳಲ್ಲಿ ಜಾಝ್ ನುಡಿಸುತ್ತಿದ್ದ ವರ್ಷಗಳು ಅವರ ಮುಂದಿನ ಬದುಕನ್ನೆಲ್ಲ ರೂಪಿಸಿದವು ಎಂದು ನನಗೆ ತೋರುತ್ತದೆ. ಊರಿಗೆ ಮರಳಿ ತಮ್ಮದೇ ದೊಡ್ಡ ಜಾಝ್ ಮೇಳ ಕಟ್ಟಿಕೊಂಡಿದ್ದಾಗ, 1956ರಲ್ಲಿ ಅರ್ಜೆಂಟೀನಾ ಪ್ರವಾಸಕ್ಕೆ ಬಂದಿದ್ದ ಗಿಲೆಸ್ಪಿ, ಶಿಫ್ರಿನ್ ಅವರ ವಾದನವನ್ನು ಕೇಳಿ ಮೆಚ್ಚಿ ಅಮೆರಿಕಕ್ಕೆ ಕರೆದರು. ಹೊರಡುವ ಮೊದಲೇ ಅವರು ತಮ್ಮ ನಾಡಿನ ಒಂದು ಚಿತ್ರಕ್ಕೆ ಸಂಗೀತ ಬರೆದಿದ್ದರು. 1958ರ 'ಎಲ್ ಹೆಫೆ' ಅದು. ಸಿನಿಮಾ ಅವರ ಬದುಕಿನಲ್ಲಿ ತಡವಾಗಿ ಬಂದ ವಿಷಯವೇನಲ್ಲ.

'ಗಿಲೆಸ್ಪಿಯಾನಾ'ದ ಕಟ್ಟಡ ಸಣ್ಣ ತಂಡವೊಂದು ದೊಡ್ಡ ಮೇಳದೊಂದಿಗೆ ಸಂವಾದಿಸುವ, ಹಳೆಯ ಯುರೋಪಿನ ಕಾನ್ಸರ್ಟೊ ಗ್ರೊಸೊ ರಚನೆಯದು. ನಡುವೆ ಗಿಲೆಸ್ಪಿ ಅವರ ಐವರ ತಂಡ, ಸುತ್ತ ಟ್ರಂಪೆಟ್, ಟ್ರೊಂಬೋನ್, ಫ್ರೆಂಚ್ ಹಾರ್ನ್, ಟ್ಯೂಬಾಗಳ ಹಿತ್ತಾಳೆಯ ಕೋಟೆ. ಜಾಝ್ ಮೇಳಗಳಲ್ಲಿ ಸಾಮಾನ್ಯವಾಗಿರುವ ಸ್ಯಾಕ್ಸೊಫೋನ್‌ಗಳ ಸಾಲನ್ನು ಶಿಫ್ರಿನ್ ಇಲ್ಲಿ ಬಿಟ್ಟುಬಿಟ್ಟಿದ್ದಾರೆ. ಐವರ ತಂಡದ ಲಿಯೊ ರೈಟ್ ಒಬ್ಬರ ಕೈಯಲ್ಲಿ ಮಾತ್ರ ಸ್ಯಾಕ್ಸೊಫೋನೂ ಕೊಳಲೂ ಇವೆ. ಆ ಕೋಟೆಯ ಕೆಳಗೆ ಕಾಂಗಾ, ಬೊಂಗೊ, ಟಿಂಬಾಲೆ ಎಂಬ ಚರ್ಮವಾದ್ಯಗಳು ಲ್ಯಾಟಿನ್ ಅಮೆರಿಕದ ಲಯವನ್ನು ಹೊತ್ತು ನಡೆಯುತ್ತವೆ. ಕಾಂಗಾ ನುಡಿಸಿದವರು ಕ್ಯೂಬಾದ ಕ್ಯಾಂಡಿಡೊ. ಭಾಗಗಳ ಹೆಸರಿನಂತೆ ಅಮೆರಿಕ ಖಂಡಗಳು, ಆಫ್ರಿಕಾ, ಬ್ಲೂಸ್ ಎಲ್ಲವೂ ಒಂದರ ಹಿಂದೊಂದು ಬರುತ್ತವೆ, ಆದರೆ ಮೆರವಣಿಗೆಯ ಸ್ತಬ್ಧಚಿತ್ರಗಳಂತೆ ಬಿಡಿಬಿಡಿಯಾಗಿ ಅಲ್ಲ. ತಾಳದ ಒಂದೇ ಹರಿವು ಅವನ್ನೆಲ್ಲ ಪೋಣಿಸಿದೆ. ಹಿತ್ತಾಳೆ ವಾದ್ಯಗಳು ಒಮ್ಮೆಲೇ ನಿಂತು ಚರ್ಮದ ವಾದ್ಯಗಳಷ್ಟೇ ಉಳಿಯುವ ಗಳಿಗೆಗಳಲ್ಲಿ ಕೃತಿಯ ಜೀವ ಇದೆ.

ಯಜಮಾನರ ಕೆಲಸ ತಪ್ಪಿದ್ದು ಸರಿಯಾಗಿ ಅಂಥ ಜಾಗಗಳಲ್ಲಿ. ಅವರು ಕೊಟ್ಟ ಮೊದಲ ಪ್ರತಿಯನ್ನು ಮನೆಯಲ್ಲಿ ಹಾಕಿ ಕೇಳಿದಾಗ ಟ್ರಂಪೆಟ್‌ಗಳು ಥಳಥಳಿಸುತ್ತಿದ್ದವು, ಚಟಪಟ ಸದ್ದು ಒಂದೂ ಇರಲಿಲ್ಲ, ಆದರೆ ಬೊಂಗೊ ದೂರದ ಕೋಣೆಯಲ್ಲಿ ಯಾರೋ ದಿಂಬು ತಟ್ಟಿದಂತೆ ಕೇಳುತ್ತಿತ್ತು. ರೆಕಾರ್ಡನ್ನೇ ತಟ್ಟೆಯ ಮೇಲಿಟ್ಟು ಕೇಳಿದರೆ ಅದೇ ಬೊಂಗೊ ಕಿವಿಯ ಪಕ್ಕದಲ್ಲಿ, ಬೆರಳಿನ ತುದಿ ಚರ್ಮಕ್ಕೆ ತಾಗುವ ಚುರುಕಿನ ಸಮೇತ ಇದೆ. ಮರುದಿನ ಎರಡನ್ನೂ ಎತ್ತಿಕೊಂಡು ಹೋದೆ. ಯಜಮಾನರು ಕಣ್ಣು ಮುಚ್ಚಿ ಎರಡೂ ಸಲ ಕೇಳಿ, ಪರದೆಯ ಮೇಲೆ ಧ್ವನಿಯ ಗೆರೆಯನ್ನು ಹಿಗ್ಗಿಸಿ ತೋರಿಸಿದರು. ಧೂಳಿನ ಕಣ ಎಬ್ಬಿಸುವ 'ಟಕ್' ಒಂದು ಚೂಪಾದ ಮೊನೆಯಾಗಿ ಕಾಣುತ್ತದೆ. ಬೊಂಗೊದ ಪೆಟ್ಟೂ ಬಹುಮಟ್ಟಿಗೆ ಹಾಗೆಯೇ ಮೇಲೇಳುತ್ತದೆ. ಚಟಪಟ ತೆಗೆಯುವ ತಂತ್ರಾಂಶ ಎರಡನ್ನೂ ಕಸವೆಂದು ಬಗೆದು ಮೊನೆಗಳನ್ನು ಸವರಿಬಿಟ್ಟಿತ್ತು. "ಇದು ಧೂಳಿನ ಸದ್ದಾ, ಬೊಂಗೊದ್ದಾ ಅಂತ ಮೆಷಿನಿಗೆ ಎಂತ ಗೊತ್ತುಂಟು ಮಾರಾಯ್ರೆ? ನಾನು ಕೇಳ್ಬೇಕಿತ್ತು, ಕೇಳ್ಲಿಲ್ಲ. ತಪ್ಪು ನನ್ನದೇ," ಎಂದರು. ಇಡೀ ರೆಕಾರ್ಡನ್ನು ಮತ್ತೆ ತಟ್ಟೆಗಿಟ್ಟು, ತಂತ್ರಾಂಶವನ್ನು ಬಳಸದೆ, ದೊಡ್ಡ ಗೀರುಗಳ ಸದ್ದನ್ನು ಮಾತ್ರ ಒಂದೊಂದಾಗಿ ಕೈಯಿಂದ ತೆಗೆದು, ನಾಲ್ಕು ದಿನಗಳ ಬಳಿಕ ಹೊಸ ಪ್ರತಿ ಕೊಟ್ಟರು. ಅದಕ್ಕೆ ಹಣ ತೆಗೆದುಕೊಳ್ಳಲಿಲ್ಲ. ಹೊಸ ಪ್ರತಿಯಲ್ಲಿ ಅಲ್ಲಲ್ಲಿ ಧೂಳು ಕೇಳುತ್ತದೆ. ಅದರ ಜೊತೆಗೆ ಕ್ಯಾಂಡಿಡೊ ಅವರ ಅಂಗೈ ಕಾಂಗಾದ ಮೇಲೆ ಜಾರುವ ಸದ್ದೂ ಕೇಳುತ್ತದೆ. ಉಳಿದ ಐದು ರೆಕಾರ್ಡುಗಳನ್ನು ಅವರು ಮೊದಲಿನಿಂದಲೇ ಹೀಗೆ ಮಾಡಿದರು. ಈ ಸೇವೆಯನ್ನು ಬಳಸುವವರು ಲಯವಾದ್ಯ ಹೆಚ್ಚಿರುವ ರೆಕಾರ್ಡುಗಳನ್ನು ಕೊಡುವಾಗ ಈ ಮಾತನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು.

ಎರಡನೆಯದು ಆರ್ಗನ್ ವಾದಕ ಜಿಮ್ಮಿ ಸ್ಮಿತ್ ಅವರ 1964ರ 'ದ ಕ್ಯಾಟ್'. ಇಲ್ಲಿಯೂ ಹೊದಿಕೆಯ ಮೇಲಿನ ದೊಡ್ಡ ಹೆಸರು ಬೇರೆಯವರದು, ಮೇಳವನ್ನು ಸಂಯೋಜಿಸಿ ನಡೆಸಿದವರು ಶಿಫ್ರಿನ್. ಗಿಲೆಸ್ಪಿ ಅವರ ತಂಡವನ್ನು ಬಿಟ್ಟು, 1963ರಲ್ಲಿ ಹಾಲಿವುಡ್ಡಿಗೆ ಹೋದ ಹೊಸತರ ಕೆಲಸ. ರೆಕಾರ್ಡಿನ ಮೊದಲ ರಚನೆ 1964ರಲ್ಲಿಯೇ ಫ್ರೆಂಚ್ ನಿರ್ದೇಶಕ ರೆನೆ ಕ್ಲೆಮಾನ್ ಅವರ ಚಿತ್ರಕ್ಕೆ ಶಿಫ್ರಿನ್ ಬರೆದ ಮುಖ್ಯ ಸಂಗೀತವೇ ಆಗಿದೆ. ಚಿತ್ರಕ್ಕಾಗಿ ಬರೆದದ್ದು ಜಾಝ್ ರೆಕಾರ್ಡಿನ ಬಾಗಿಲಾಯಿತು, ಅದೇ ರೆಕಾರ್ಡಿನ ಹೆಸರಿನ ರಚನೆಗೆ ಅಮೆರಿಕದ ಸಂಗೀತ ಪ್ರಶಸ್ತಿಯಾದ ಗ್ರ್ಯಾಮಿ ಬಂತು. ಹೊಟ್ಟೆಪಾಡಿಗಾಗಿ ಸಿನಿಮಾ, ಮನಸ್ಸಿಗಾಗಿ ಜಾಝ್ ಎಂದು ಅವರ ಬದುಕನ್ನು ಇಬ್ಭಾಗ ಮಾಡಿ ಬರೆಯುವವರನ್ನು ಓದಿದಾಗಲೆಲ್ಲ ನನಗೆ ಈ ರೆಕಾರ್ಡು ನೆನಪಾಗುತ್ತದೆ. ತೊಳೆದ ಮೇಲೆ ಇದು ಹೊಸದರಂತಿದೆ, ಹೇಳಬೇಕಾದ್ದು ಬೇರೇನಿಲ್ಲ.

ಮೂರನೆಯದರ ಬಗ್ಗೆ ನಮ್ಮ ಮನೆಯಲ್ಲಿ ಎಲ್ಲರಿಗೂ ಒಂದೊಂದು ಅಭಿಪ್ರಾಯವಿದೆ. 1965ರಲ್ಲಿ ಹೊರಬಂದ, ಕೊಳಲು ಮತ್ತು ಸ್ಯಾಕ್ಸೊಫೋನ್ ವಾದಕ ಪಾಲ್ ಹಾರ್ನ್ ಅವರಿಗಾಗಿ ಶಿಫ್ರಿನ್ ಬರೆದ, ಕ್ಯಾಥೊಲಿಕ್ ಬಲಿಪೂಜೆಯ ಪಠ್ಯಗಳ ಜಾಝ್ ರೂಪ ಇದು. ಇದಕ್ಕೂ ಗ್ರ್ಯಾಮಿ ಸಂದಿದೆ. ಪೂಜೆಯ ಭಾಷೆ ಲ್ಯಾಟಿನ್‌ನಿಂದ ಜನರ ಮಾತಿಗೆ ಹೊರಳುತ್ತಿದ್ದ ಕಾಲ ಅದು. ನಮ್ಮ ಇಗರ್ಜಿಗಳಲ್ಲಿ ಕೊಂಕಣಿ ಕೇಳತೊಡಗಿದ್ದೂ ಆ ದಶಕದ ಬದಲಾವಣೆಯಿಂದಲೇ. ಲ್ಯಾಟಿನ್ ಪೂಜೆಯನ್ನು ಬಾಲ್ಯದಲ್ಲಿ ಕೇಳಿ ಬೆಳೆದ ನನ್ನ ತಾಯಿ, ಕರುಣೆ ಬೇಡುವ 'ಕೀರಿಯೆ' ಪ್ರಾರ್ಥನೆ ಆರಂಭವಾದಾಗ ಅಡುಗೆಮನೆಯಿಂದ ಕೈ ಒರೆಸಿಕೊಳ್ಳುತ್ತ ಬಂದು ಬಾಗಿಲಲ್ಲಿ ನಿಂತರು. "ಇದು ನಮ್ಮದೇ ಅಲ್ವಾ?" ಎಂದು ಕೇಳಿ, ಸ್ವಲ್ಪ ಹೊತ್ತಿನ ಮೇಲೆ, "ಆದ್ರೆ ಇದಕ್ಕೆ ಮಂಡಿಯೂರುವುದು ಹೇಗೆ?" ಎಂದರು. ಗಾಯಕವೃಂದವೂ ಜಾಝ್ ತಂಡವೂ ಒಂದರ ಉಸಿರನ್ನು ಇನ್ನೊಂದು ಕಾಯುತ್ತ ಸಾಗುವ ಕೃತಿ ಇದು. ಅಬ್ಬರವಿಲ್ಲದ ಜಾಗಗಳು ಬಹಳ. ಮೆಲುದನಿಯ ಜಾಗಗಳಲ್ಲಿ ಹಳೆಯ ರೆಕಾರ್ಡಿನ ಗುಂಯ್‌ಗುಡುವಿಕೆ ಎದ್ದು ಕೇಳುವುದು ಸಹಜ. ಯಜಮಾನರು ಅದನ್ನು ಪೂರ್ತಿ ಅಳಿಸದೆ, ಕೊಳಲಿನ ಉಸಿರು ಹೋಗದಷ್ಟು ಮಾತ್ರ ತಗ್ಗಿಸಿದ್ದಾರೆ. ಆರು ರೆಕಾರ್ಡುಗಳಲ್ಲಿ ಅವರ ವಿವೇಕ ಅತಿ ಹೆಚ್ಚು ಕಾಣುವುದು ಇದರಲ್ಲಿ.

ನಾಲ್ಕನೆಯದನ್ನು ಯಾರಿಗೂ ಪರಿಚಯಿಸಬೇಕಾಗಿಲ್ಲ. 1966ರಲ್ಲಿ ಅಮೆರಿಕದ ಟಿವಿಯಲ್ಲಿ ಆರಂಭವಾದ 'ಮಿಷನ್: ಇಂಪಾಸಿಬಲ್' ಧಾರಾವಾಹಿಯ ಸಂಗೀತ. ಬೆಂಕಿಕಡ್ಡಿ ಗೀರಿ ಬತ್ತಿಗೆ ತಾಗಿಸಿದ ಕೂಡಲೇ ಆರಂಭವಾಗುವ ಆ ರಾಗವನ್ನು ಮೊಬೈಲಿನ ರಿಂಗ್‌ಟೋನಿನಲ್ಲಾದರೂ ಕೇಳದವರು ನಮ್ಮಲ್ಲಿ ಕಡಿಮೆ. ಅದರ ತಾಳ ಐದರದು. ನಾಲ್ಕರ ನಡೆಗೆ ಒಗ್ಗಿಹೋದ ಪಾಶ್ಚಾತ್ಯ ಜನಪ್ರಿಯ ಸಂಗೀತದಲ್ಲಿ ಇದೊಂದು ಸಾಹಸ, ನಮ್ಮ ಕಿವಿಗೆ ಹಾಗಲ್ಲ. ಮೃದಂಗ ಕಲಿಯುತ್ತಿರುವ ಪಕ್ಕದ ಮನೆಯ ಹುಡುಗ ಒಂದು ಸಂಜೆ ಬಂದವನು ಇದನ್ನು ಕೇಳುತ್ತ ತೊಡೆಯ ಮೇಲೆ ತಟ್ಟಿಕೊಂಡು, ಎರಡನೆಯ ಆವರ್ತದಲ್ಲಿಯೇ "ತಕಿಟ ತಕಿಟ ತಕ ತಕ" ಎಂದು ಹೇಳತೊಡಗಿದ. ಸರಿಯಾಗಿ ಅದೇ ಲೆಕ್ಕ: ಮೂರು, ಮೂರು, ಎರಡು, ಎರಡು, ಒಟ್ಟು ಹತ್ತು ಅರೆಮಾತ್ರೆ, ಅಂದರೆ ಐದು ಮಾತ್ರೆ. "ಖಂಡ ಚಾಪುವಿನ ಹಾಗೇ ಉಂಟಲ್ಲ ಅಂಕಲ್, ಆದ್ರೆ ಒಡೆದದ್ದು ಬೇರೆ ತರ," ಎಂದ. ಈ ಎರಡು ಉದ್ದ, ಎರಡು ಗಿಡ್ಡ ಪೆಟ್ಟುಗಳು ಮೋರ್ಸ್ ಸಂಕೇತದಲ್ಲಿ ಎಮ್ ಮತ್ತು ಐ ಅಕ್ಷರಗಳೂ ಹೌದು. ಧಾರಾವಾಹಿಯ ಹೆಸರಿನ ಮೊದಲಕ್ಷರಗಳು. ಕೆಳಗಿನ ಬಾಸ್ ನಡೆಯನ್ನು ನಮ್ಮ ಸ್ವರಗಳಲ್ಲಿ ಹೇಳುವುದಾದರೆ ಸ ಸ ಗ ಮ, ಸ ಸ ನಿ ನಿ. ಗಾಂಧಾರ ಸಾಧಾರಣದ್ದು, ಕೊನೆಯ ಎರಡು ನಿಷಾದಗಳಲ್ಲಿ ಮೊದಲನೆಯದು ತಗ್ಗಿನ ಕೈಶಿಕಿ, ಎರಡನೆಯದು ಅದಕ್ಕಿಂತ ತುಸು ಏರಿದ ಕಾಕಲಿ, ಎರಡೂ ಕೆಳಗಿನ ಮಂದ್ರ ಸ್ಥಾಯಿಯಲ್ಲಿ. ಆ ಎರಡು ನಿಷಾದಗಳು ಅಕ್ಕಪಕ್ಕ ನಿಂತು ಷಡ್ಜಕ್ಕೆ ತೆವಳಿ ಹತ್ತುವಲ್ಲಿಯೇ ಕದ್ದು ಹೆಜ್ಜೆಯಿಡುವ ಭಾವವಿರುವುದು. 1996ರ ಚಲನಚಿತ್ರಕ್ಕಾಗಿ ಇದನ್ನು ಹೊಸದಾಗಿ ನುಡಿಸಿದಾಗ ಕುಣಿಯಲು ಅನುಕೂಲವಾಗಲೆಂದು ನಾಲ್ಕರ ತಾಳಕ್ಕೆ ಹೊರಳಿಸಿದರು. ಅದು ಬಹಳ ಮಾರಾಟವಾಯಿತು, ನಿಜ. ಆದರೆ ಐದನೆಯ ಮಾತ್ರೆ ಹೋದದ್ದರಿಂದ ಆ ನಡೆಗೆ ಇದ್ದ ಕುಂಟುವ ಚುರುಕೂ ಹೋಯಿತೆಂಬುದು ನನ್ನ ದೃಢವಾದ ಅಭಿಪ್ರಾಯ.

ಈ ರೆಕಾರ್ಡನ್ನು ಕೇಳುವಾಗ ಬೊಂಗೊದ ಕಡೆಗೇ ಕಿವಿ ಇಟ್ಟಿದ್ದೆ, ಏಕೆಂದರೆ ಶೀರ್ಷಿಕೆ ಸಂಗೀತವನ್ನು ಮುಂದಕ್ಕೆ ತಳ್ಳುವುದು ಆ ಸಣ್ಣ ಜೋಡಿ ವಾದ್ಯವೇ. ಹಿತ್ತಾಳೆಯ ವಾದ್ಯಗಳು ಕೂಗುತ್ತವೆ, ಕೊಳಲು ಮೇಲೆ ಹಾರುತ್ತದೆ, ಕೆಳಗೆ ಬೊಂಗೊ ಒಂದು ಗಳಿಗೆಯೂ ಬಿಡುವಿಲ್ಲದೆ ಓಡುತ್ತದೆ. 'ಗಿಲೆಸ್ಪಿಯಾನಾ'ದಲ್ಲಿದ್ದ ಅದೇ ವಿನ್ಯಾಸ ಆರು ವರ್ಷಗಳ ಬಳಿಕ ಒಂದು ಸಣ್ಣ ಶೀರ್ಷಿಕೆ ಸಂಗೀತದೊಳಗೆ ಇಕ್ಕಟ್ಟಾಗಿ ಕೂತಿದೆ. ಯಜಮಾನರ ಪ್ರತಿಯಲ್ಲಿ ಅದು ಸ್ಪಷ್ಟವಾಗಿ ಎಡಬಲ ಬೇರ್ಪಟ್ಟು ಕೇಳುತ್ತದೆ. ಮೊದಲ ತಪ್ಪನ್ನು ಅವರು ಮರೆಯಲಿಲ್ಲ ಎಂಬುದಕ್ಕೆ ಇಷ್ಟು ಸಾಕು.

ಐದನೆಯದು 1968ರ 'ಬುಲಿಟ್' ಚಿತ್ರದ ಸಂಗೀತ. ಸ್ಯಾನ್ ಫ್ರಾನ್ಸಿಸ್ಕೊದ ಏರಿಳಿತದ ರಸ್ತೆಗಳಲ್ಲಿ ನಟ ಸ್ಟೀವ್ ಮೆಕ್ವೀನ್ ಕಾರು ಓಡಿಸುವ ಆ ಬೆನ್ನಟ್ಟುವಿಕೆಯ ದೃಶ್ಯ ಸುಮಾರು 11 ನಿಮಿಷಗಳದು. ಅಲ್ಲಿ ಶಿಫ್ರಿನ್ ಮಾಡಿದ್ದನ್ನು ಸಂಗೀತ ಬರೆಯುವ ಪ್ರತಿಯೊಬ್ಬರೂ ಕೂತು ನೋಡಬೇಕು. ಎರಡು ಕಾರುಗಳು ಒಂದನ್ನೊಂದು ಹೊಂಚುತ್ತ ಮೆಲ್ಲನೆ ಸಾಗುವಷ್ಟು ಹೊತ್ತು ಬಾಸ್ ಮತ್ತು ತಾಳವಾದ್ಯಗಳು ಬಿಗಿಯಾಗುತ್ತ ಹೋಗುತ್ತವೆ; ಕಾರಿನ ಚಕ್ರ ಕಿರುಚಿ ನಿಜವಾದ ಓಟ ಆರಂಭವಾದ ಕ್ಷಣಕ್ಕೆ ಸಂಗೀತ ನಿಂತುಬಿಡುತ್ತದೆ. ಅಲ್ಲಿಂದ ಮುಂದೆ ಕೇಳುವುದು ಎಂಜಿನ್ನು, ಗೇರು, ಟಯರು ಮಾತ್ರ. ಹಡಗಿನ ಎಂಜಿನ್ ಕೋಣೆಯಲ್ಲಿ ಬದುಕು ಕಳೆದ ಮಾಮ್‌ಗೆ ಈ ರೆಕಾರ್ಡು ಯಾಕೆ ಅಷ್ಟು ಪ್ರಿಯವಾಗಿತ್ತು ಎಂಬುದು ಈಗ ನನಗೆ ಅರ್ಥವಾಗುತ್ತದೆ. ಆ ದೃಶ್ಯಕ್ಕೆ ಅಬ್ಬರದ ಸಂಗೀತ ಬರೆದು ಹೆಸರು ಗಳಿಸುವುದು ಸುಲಭವಿತ್ತು. ಬರೆಯದಿರುವುದನ್ನು ಆರಿಸಿಕೊಳ್ಳಲು, ವಾದ್ಯಗಾರರ ನಡುವೆ ಕೂತು ತನ್ನ ಸರದಿಗಾಗಿ ಸುಮ್ಮನೆ ಕಾದು ಗೊತ್ತಿರುವ ಜಾಝ್ ಪಿಯಾನೊ ವಾದಕನ ಸಂಯಮ ಬೇಕು.

ರೆಕಾರ್ಡಿನಲ್ಲಿರುವುದು ಚಿತ್ರದಲ್ಲಿ ಕೇಳುವ ಮುದ್ರಣವೇ ಅಲ್ಲ ಎಂಬುದನ್ನು ಕೊಳ್ಳುವವರು ತಿಳಿದಿರಬೇಕು. ಎಲ್‌ಪಿಗಾಗಿ ಶಿಫ್ರಿನ್ ಎಲ್ಲವನ್ನೂ ಮತ್ತೆ ನುಡಿಸಿ ಮುದ್ರಿಸಿದ್ದರು, ಚಿತ್ರದ ಮೂಲ ಮುದ್ರಣ ಹೊರಬಂದದ್ದು 2009ರಲ್ಲಿ. ಇಲ್ಲಿ ಯಜಮಾನರ ಇನ್ನೊಂದು ಅಭ್ಯಾಸವನ್ನು ಹೊಗಳಬೇಕು. ಹಾಡಿನಿಂದ ಹಾಡಿಗೆ ನಡುವಿನ ಮೌನವನ್ನು ಕತ್ತರಿಸಿ, ಎಲ್ಲವನ್ನೂ ಒಂದೇ ಗಟ್ಟಿತನಕ್ಕೆ ಏರಿಸಿ ಕೊಡುವುದು ಈ ಕಸುಬಿನಲ್ಲಿ ಸಾಮಾನ್ಯ. ನನ್ನ ಸ್ನೇಹಿತರೊಬ್ಬರು ಬೇರೆಡೆ ಮಾಡಿಸಿದ ಪ್ರತಿಗಳೆಲ್ಲ ಹಾಗೆಯೇ ಇವೆ. ಯಜಮಾನರು ರೆಕಾರ್ಡಿನ ಒಂದೊಂದು ಮಗ್ಗುಲನ್ನು, ಮುಳ್ಳು ಇಳಿದಲ್ಲಿಂದ ಎದ್ದಲ್ಲಿಯವರೆಗೆ, ಮೌನಗಳ ಸಮೇತ ಒಂದೇ ಕಡತವಾಗಿಯೂ ಕೊಡುತ್ತಾರೆ, ಹಾಡುಗಳನ್ನು ಬಿಡಿಸಿದ ಇನ್ನೊಂದು ಪ್ರತಿಯನ್ನೂ ಕೊಡುತ್ತಾರೆ. ಗಟ್ಟಿಯಾದದ್ದು ಗಟ್ಟಿಯಾಗಿ, ಮೆಲ್ಲಗಿದ್ದದ್ದು ಮೆಲ್ಲಗೆ ಉಳಿದಿದೆ. 24 ಬಿಟ್, 96 ಕಿಲೊಹರ್ಟ್ಸ್‌ನ, ಅಂದರೆ ಧ್ವನಿಯ ವಿವರ ಹೆಚ್ಚಿರುವ, ದೊಡ್ಡ ಕಡತಗಳಾದ್ದರಿಂದ ಪೆನ್‌ಡ್ರೈವಿನಲ್ಲಿ ಜಾಗ ಹೆಚ್ಚು ಬೇಕು, ಅಷ್ಟೆ.

ಆರನೆಯದು, 1973ರ 'ಎಂಟರ್ ದ ಡ್ರ್ಯಾಗನ್' ಚಿತ್ರದ್ದು, ಉಳಿಯಲಿಲ್ಲ. ಅಟ್ಟದ ಶಾಖಕ್ಕೆ ರೆಕಾರ್ಡು ಹಪ್ಪಳದಂತೆ ಅಲೆಯಲೆಯಾಗಿ ಬಾಗಿತ್ತು. ಎರಡು ಗಾಜಿನ ಹಲಗೆಗಳ ನಡುವೆ ಇಟ್ಟು ಹದವಾಗಿ ಬಿಸಿ ಮಾಡಿ ನೇರಗೊಳಿಸುವ ವಿಧಾನವೊಂದಿದೆಯಾದರೂ, ಗೆರೆಗಳು ಕೆಡುವ ಅಪಾಯ ಹೆಚ್ಚೆಂದು ಯಜಮಾನರು ಒಪ್ಪಲಿಲ್ಲ, ನಾನೂ ಒತ್ತಾಯಿಸಲಿಲ್ಲ. ಒಳಸುತ್ತಿನ ಎರಡು ರಚನೆಗಳು ಮಾತ್ರ ಪ್ರತಿಗೆ ಸಿಕ್ಕಿದವು. ತೊಳೆದದ್ದಕ್ಕಷ್ಟೇ ಹಣ ಪಡೆದರು.

ಶಿಫ್ರಿನ್ ಅವರ ಬದುಕು ಈ ಆರರಲ್ಲಿ ಮುಗಿಯುವುದಿಲ್ಲ ಎಂಬುದು ನಿಜ. ಕ್ಲಿಂಟ್ ಈಸ್ಟ್‌ವುಡ್ ಅವರ 1971ರ 'ಡರ್ಟಿ ಹ್ಯಾರಿ' ಮಾಮ್‌ನ ಪೆಟ್ಟಿಗೆಯಲ್ಲಿರಲಿಲ್ಲ. 'ದಿ ಎಕ್ಸಾರ್ಸಿಸ್ಟ್' ಚಿತ್ರಕ್ಕೆ ಬರೆದ ಸಂಗೀತವನ್ನು ನಿರ್ದೇಶಕರು ತಿರಸ್ಕರಿಸಿದ್ದು, ಆರು ಬಾರಿ ಆಸ್ಕರ್‌ಗೆ ನಾಮನಿರ್ದೇಶನಗೊಂಡೂ ಒಮ್ಮೆಯೂ ಗೆಲ್ಲದೆ ಹೋದದ್ದು, ಕೊನೆಗೆ 2018ರ ನವೆಂಬರಿನಲ್ಲಿ ಈಸ್ಟ್‌ವುಡ್ ಅವರ ಕೈಯಿಂದಲೇ ಗೌರವ ಆಸ್ಕರ್ ಪಡೆದದ್ದು, 1990ರ ದಶಕದಲ್ಲಿ ಲಂಡನ್ ಫಿಲ್ಹಾರ್ಮೊನಿಕ್ ಮೇಳದ ಜೊತೆ ಜಾಝನ್ನೂ ಸಿಂಫನಿಯನ್ನೂ ಒಂದೇ ವೇದಿಕೆಗೆ ತಂದದ್ದು, 1998ರಲ್ಲಿ ಕಾರ್ಲೋಸ್ ಸೌರಾ ಅವರ 'ಟ್ಯಾಂಗೊ' ಚಿತ್ರದ ಮೂಲಕ ಹುಟ್ಟೂರಿನ ಸಂಗೀತಕ್ಕೆ ಮರಳಿದ್ದು, ಇವೆಲ್ಲ ಬೇರೆಯಾಗಿ ಬರೆಯಬೇಕಾದ ಸಂಗತಿಗಳು. ನಾನು ಹೇಳಬಯಸುವುದು ಒಂದನ್ನೇ: ಮೊದಲ ಮೂರು ರೆಕಾರ್ಡುಗಳಲ್ಲಿ ದೊಡ್ಡ ಅಕ್ಷರದಲ್ಲಿರುವುದು ಬೇರೆ ವಾದಕರ ಹೆಸರು, ಕೊನೆಯ ಮೂರರಲ್ಲಿ ಚಿತ್ರ ಮತ್ತು ಧಾರಾವಾಹಿಯ ಹೆಸರು. ಈ ಮನುಷ್ಯ ಎಲ್ಲಿಯೂ ಮುಂದೆ ನಿಲ್ಲದೆ, ಬೇರೆಯವರ ಕೆಲಸದ ಅಡಿಯಲ್ಲಿ ತನ್ನ ಲಯವನ್ನು ಬದಲಾಗದಂತೆ ಕಾಯ್ದುಕೊಂಡರು. ನಮ್ಮ ಕರಾವಳಿಗೆ ಇದು ತೀರ ಅಪರಿಚಿತವಾದ ಬದುಕಲ್ಲ. ಸ್ಯಾಕ್ಸೊಫೋನನ್ನು ಕರ್ನಾಟಕ ಸಂಗೀತಕ್ಕೆ ಒಗ್ಗಿಸಿದ ಕದ್ರಿ ಗೋಪಾಲನಾಥರು 1994ರ ತಮಿಳು ಚಿತ್ರ 'ಡ್ಯುಯೆಟ್'ನಲ್ಲಿ ನುಡಿಸಿದ ಮೇಲೆ, ಕಛೇರಿಗೆ ಎಂದೂ ಹೋಗದವರ ಮನೆಗಳಿಗೂ ಆ ವಾದ್ಯ ತಲುಪಿತು. ಅವರ ಕಲ್ಯಾಣಿ, ಕಾಪಿ ರಾಗಗಳು ಅದರಿಂದ ಕಡಿಮೆಯಾಗಲಿಲ್ಲ.

ಇನ್ನು ವ್ಯವಹಾರದ ಮಾತು. ಒಂದು ಎಲ್‌ಪಿ ತೊಳೆಯಲು 150 ರೂಪಾಯಿ, ತೊಳೆದು ಪ್ರತಿ ಮಾಡಿಕೊಡಲು 500. ನನ್ನ ಹಳೆಯ ಪ್ಲೇಯರ್‌ನ ಸವೆದ ಮುಳ್ಳನ್ನು ಬದಲಿಸಿ, ತೂಕವನ್ನು ಎರಡು ಗ್ರಾಮಿಗೆ ಹೊಂದಿಸಿಕೊಟ್ಟದ್ದಕ್ಕೆ ಪ್ರತ್ಯೇಕವಾಗಿ ಕೊಟ್ಟೆ. ಸಮಯದ ವಿಷಯದಲ್ಲಿ ಯಜಮಾನರು ನಂಬತಕ್ಕವರಲ್ಲ. ಹತ್ತು ದಿನ ಎಂದದ್ದು ಐದು ವಾರವಾಯಿತು. ನಡುವೆ ಎರಡು ಸಲ ಮಳೆಯಲ್ಲಿ ನೆನೆದು ಹೋಗಿ ಮುಚ್ಚಿದ ಬಾಗಿಲು ನೋಡಿ ಬಂದೆ. ಫೋನು ಎತ್ತುವುದು ಅಪರೂಪ. ಹೊದಿಕೆಗಳನ್ನು ಬಿಡಿಸುವಾಗ 'ಬುಲಿಟ್'ನ ಒಂದು ಮೂಲೆ ಹರಿದಿದೆ. ಅದನ್ನು ಅವರಾಗಿಯೇ ತೋರಿಸಿದರು, ಆದರೂ ಅದು ಮಾಮ್ ತನ್ನ ಹೆಸರು ಬರೆದಿದ್ದ ಮೂಲೆಯಾದ್ದರಿಂದ ನನಗೆ ಬೇಸರವಾಯಿತು. ಹೊದಿಕೆಯ ಬಗ್ಗೆ ಕಾಳಜಿಯಿರುವವರು ಅದನ್ನು ಮನೆಯಲ್ಲೇ ಬಿಡಿಸಿಟ್ಟು, ರೆಕಾರ್ಡನ್ನು ಮಾತ್ರ ಹತ್ತಿಯ ಚೀಲದಲ್ಲಿ ನಿಲ್ಲಿಸಿ ಒಯ್ಯುವುದು ಮೇಲು. ಮದುವೆಯ ಹಾಡು, ಹಳೆಯ ಭಜನೆಯ ಕ್ಯಾಸೆಟ್ಟುಗಳನ್ನು ಬೇಗನೆ ಪ್ರತಿ ಮಾಡಿಸಿಕೊಳ್ಳಬೇಕಾದವರಿಗೆ ಈ ಕೋಣೆ ಹೇಳಿಸಿದ್ದಲ್ಲ. ಸಮಯ ಕೊಡಬಲ್ಲವರು, ಕೊಟ್ಟ ಪ್ರತಿಯನ್ನು ರೆಕಾರ್ಡಿನ ಪಕ್ಕದಲ್ಲಿಟ್ಟು ಕೇಳಬಲ್ಲವರು ಧಾರಾಳವಾಗಿ ಹೋಗಬಹುದು.

ಪೆಟ್ಟಿಗೆಯಲ್ಲಿ ಇನ್ನೂ ಹದಿನಾಲ್ಕು ರೆಕಾರ್ಡುಗಳಿವೆ. ಮಳೆ ಪೂರ್ತಿ ಬಿಟ್ಟು ಗಾಳಿ ಒಣಗಿದ ಮೇಲೆ ತರಲು ಯಜಮಾನರು ಹೇಳಿದ್ದಾರೆ. ಲೆಕ್ಕದ ಪುಸ್ತಕದಲ್ಲಿ ನನ್ನ ಹೆಸರಿನ ಮುಂದೆ 'ಬೊಂಗೊ, ಕೈಯಿಂದಲೇ' ಎಂದು ಬರೆದುಕೊಂಡಿರುವುದನ್ನು ನೋಡಿ ಬಂದಿದ್ದೇನೆ.